ಇಸ್ರಾಯೇಲಿನ ಪ್ರವಾದಿಗಳು



ಲೋಕದ ಬೇರೆ ಬೇರೆ ನಾಡುಗಳಲ್ಲಿ ಬಾಳಿ ಹೋದ ಧರ್ಮಪುರುಷರ ವಿಚಾರವನ್ನು ಒಂದೊಂದಾಗಿ ತೆಗೆದುಕೊಂಡು ಚಿಂತಿಸುತ್ತ ಬಂದಿದ್ದೇವೆ. ಇಂದಿನ ವಿಷಯ ಪ್ರಾಚೀನ ಇಸ್ರಾಯೇಲ್ ಜನರ ನಡುವೆ ಹುಟ್ಟಿದ ಪ್ರವಾದಿಗಳು. ನಮಗೂ ಅವರಿಗೂ ಕಾಲದಲ್ಲಿ ಎರಡೂವರೆ ಸಾವಿರ ವರ್ಷಗಳಿಗೂ ಮಿಕ್ಕಿದ ಅಂತರ. ದೇಶದಲ್ಲಿ ಒಂದು ಸಮುದ್ರದ ಅಂತರ. ಆದರೂ ಅವರ ಕಥೆಯನ್ನು ಓದುವಾಗ, ಇದು ನಮ್ಮನ್ನು ಕುರಿತೇ ಆಡಿದ ಮಾತಲ್ಲವೇ ಎಂದು ಹಲವು ಸಲ ಅನ್ನಿಸುತ್ತದೆ. ಏಕೆ ಹಾಗನ್ನಿಸುತ್ತದೆ ಎಂಬುದನ್ನು ನೋಡೋಣ.

ಪ್ರವಾದಿ ಎಂದೊಡನೆ ನಮ್ಮ ಜನಕ್ಕೆ ನೆನಪಾಗುವುದು ಕಾಲಜ್ಞಾನ. ಮುಂದೆ ಆಗುವುದನ್ನು ಇಂದೇ ಹೇಳುವವನು ಎಂಬ ಕಲ್ಪನೆ. ಪೂಜೆ ಮುಗಿಸಿ ನಾವು ಹೊರಗೆ ಬಂದು ಕುಳಿತರೆ ಭಕ್ತರು ಕೇಳುವ ಪ್ರಶ್ನೆಗಳಲ್ಲಿ ಅರ್ಧಕ್ಕಿಂತ ಹೆಚ್ಚು ಇಂಥವೇ. ‘ಬುದ್ಧೀ, ಈ ವರ್ಷ ಮಳೆ ಹೇಗೆ?’ ‘ಬುದ್ಧೀ, ಮಗಳ ಮದುವೆ ಯಾವಾಗ ಕೂಡಿಬರುತ್ತದೆ?’ ಚುನಾವಣೆಯ ಕಾಲ ಬಂದರೆ ಇನ್ನೂ ದೊಡ್ಡವರು ಇನ್ನೂ ದೊಡ್ಡ ಪ್ರಶ್ನೆ ತರುತ್ತಾರೆ. ನಮಗೆ ಗೊತ್ತಿಲ್ಲ ಎಂದರೆ ಯಾರೂ ನಂಬುವುದಿಲ್ಲ. ಸ್ವಾಮಿಗಳು ಹೇಳಲು ಮನಸ್ಸು ಮಾಡುತ್ತಿಲ್ಲ ಎಂದುಕೊಳ್ಳುತ್ತಾರೆ.

ಇಸ್ರಾಯೇಲ್ ಜನರೂ ಮೊದಲು ಹೀಗೆಯೇ ಇದ್ದರು. ಅವರ ಮೊದಲ ಅರಸನಾದ ಸೌಲನ ಕಥೆ ಆರಂಭವಾಗುವುದೇ ತಪ್ಪಿಸಿಕೊಂಡ ಕತ್ತೆಗಳಿಂದ. ತಂದೆಯ ಕತ್ತೆಗಳು ಕಾಣದೆ ಹೋದವು. ಸೌಲನೂ ಅವನ ಆಳೂ ಬೆಟ್ಟಬಯಲು ತಿರುಗಿ ಸೋತರು. ಕೊನೆಗೆ ಆಳು, ಹತ್ತಿರದ ಊರಿನಲ್ಲಿ ದೇವರ ಮನುಷ್ಯನೊಬ್ಬನಿದ್ದಾನೆ, ಅವನನ್ನು ಕೇಳೋಣ ಎಂದನು. ಬರಿಗೈಯಲ್ಲಿ ಹೋಗುವುದು ಹೇಗೆಂದು ಯೋಚಿಸಿ, ಆಳಿನ ಬಳಿ ಇದ್ದ ಕಾಲು ಶೆಕೆಲ್ ತೂಕದ ಬೆಳ್ಳಿಯನ್ನು ಕಾಣಿಕೆಗೆಂದು ಹಿಡಿದುಕೊಂಡು ಹೋದರು. ಆ ದೇವರ ಮನುಷ್ಯನೇ ಸಮುವೇಲ. ಈಗ ಪ್ರವಾದಿ ಎನ್ನಿಸಿಕೊಳ್ಳುವವನನ್ನು ಹಿಂದೆ ‘ನೋಡುವವನು’ ಎನ್ನುತ್ತಿದ್ದರು ಎಂದು ಆ ಗ್ರಂಥವೇ ವಿವರಣೆ ಕೊಡುತ್ತದೆ. ಅಂದರೆ ಕಳೆದ ದನ ಹುಡುಕಿಕೊಡುವ, ಕಾಣಿಕೆ ಪಡೆದು ಕಣಿ ಹೇಳುವ ಹಳೆಯ ಪದ್ಧತಿಯಿಂದಲೇ ಪ್ರವಾದಿಪರಂಪರೆ ಬೆಳೆದುಬಂದಿತು. ಹೀಬ್ರೂ ಭಾಷೆಯಲ್ಲಿ ಪ್ರವಾದಿಗೆ ‘ನಾವೀ’ ಎನ್ನುತ್ತಾರೆ. ಕರೆಯಲ್ಪಟ್ಟವನು ಅಥವಾ ಕೂಗಿ ಹೇಳುವವನು ಎಂದು ವಿದ್ವಾಂಸರು ಅದಕ್ಕೆ ಅರ್ಥ ಹೇಳುತ್ತಾರೆ. ಎರಡರಲ್ಲಿಯೂ ‘ಭವಿಷ್ಯ’ ಎಂಬ ಅರ್ಥವಿಲ್ಲ ಎಂಬುದನ್ನು ಗಮನಿಸಬೇಕು.

ಇಂಥ ದೇವವಾಣಿಯವರು ಇಸ್ರಾಯೇಲಿನಲ್ಲಿ ಮಾತ್ರ ಇದ್ದರೆಂದೂ ತಿಳಿಯಬಾರದು. ಸಿರಿಯಾ ದೇಶದಲ್ಲಿ ಯೂಫ್ರೆಟಿಸ್ ನದಿಯ ದಂಡೆಯ ಮೇಲೆ ಮಾರಿ ಎಂಬ ಪ್ರಾಚೀನ ಪಟ್ಟಣದ ಅವಶೇಷಗಳು 1933ರಲ್ಲಿ ಸಿಕ್ಕವು. ಅಲ್ಲಿಯ ಅರಮನೆಯಲ್ಲಿ ದೊರೆತ ಸಾವಿರಾರು ಮಣ್ಣಿನ ಹಲಗೆಗಳ ಮೇಲೆ ಕ್ರಿ.ಪೂ. 18ನೆಯ ಶತಮಾನದ ಪತ್ರಗಳಿವೆ. ದೇವರು ಹೀಗೆ ನುಡಿದನೆಂದು ಯಾರಾದರೂ ಹೇಳಿದರೆ ಅಧಿಕಾರಿಗಳು ಅದನ್ನು ಅರಸನಿಗೆ ಬರೆದು ಕಳಿಸುತ್ತಿದ್ದರು. ಜೊತೆಗೆ ಹೇಳಿದವನ ತಲೆಯ ಕೂದಲಿನ ಒಂದು ಕುಚ್ಚನ್ನೂ ಉಡುಪಿನ ಅಂಚಿನ ಒಂದು ತುಂಡನ್ನೂ ಕಳಿಸುತ್ತಿದ್ದುದುಂಟು. ಮಾತು ನಿಜವೋ ಸುಳ್ಳೋ ಎಂದು ಅರಮನೆಯವರು ಶಕುನ ನೋಡಿ ಪರೀಕ್ಷಿಸಲೆಂದು. ಅರಸನಿಗೆ ದೇವವಾಣಿ ಬೇಕು, ಆದರೆ ಅದು ತನ್ನ ಕೈಯೊಳಗಿರಬೇಕು! ಲೋಕದಲ್ಲಿ ಬಹುಕಾಲದ ಪದ್ಧತಿ ಇದು. ಇಸ್ರಾಯೇಲಿನ ದೊಡ್ಡ ಪ್ರವಾದಿಗಳು ಈ ಕೈಯಿಂದ ಜಾರಿಕೊಂಡರು. ಅವರ ಹಿರಿಮೆ ಇರುವುದು ಇಲ್ಲಿಯೇ.

ಮೊದಲು ಆ ನಾಡಿನ ಸ್ಥಿತಿಯನ್ನು ಸ್ವಲ್ಪ ತಿಳಿಯೋಣ. ಮೆಡಿಟರೇನಿಯನ್ ಸಮುದ್ರದ ಪೂರ್ವದಂಡೆಯ ಒಂದು ಪುಟ್ಟ ಗುಡ್ಡಗಾಡು. ದಕ್ಷಿಣಕ್ಕೆ ಈಜಿಪ್ಟ್, ಈಶಾನ್ಯಕ್ಕೆ ಅಸ್ಸೀರಿಯ, ಬಾಬಿಲೋನ್. ಎರಡು ಆನೆಗಳ ಕಾಲ ನಡುವಿನ ಗರಿಕೆಯಂತೆ ಆ ಜನರ ಬಾಳು. ಸೌಲನ ನಂತರ ದಾವೀದ, ದಾವೀದನ ನಂತರ ಅವನ ಮಗ ಸೊಲೊಮೋನ ಆಳಿದರು. ಕ್ರಿ.ಪೂ. 930ರ ಸುಮಾರಿಗೆ ರಾಜ್ಯ ಎರಡಾಗಿ ಒಡೆಯಿತು. ಉತ್ತರದ ರಾಜ್ಯಕ್ಕೆ ಇಸ್ರಾಯೇಲ್ ಎಂದು ಹೆಸರು. ಮುಂದೆ ಸಮಾರ್ಯ ಅದರ ರಾಜಧಾನಿಯಾಯಿತು. ದಕ್ಷಿಣದ್ದು ಯೆಹೂದ; ಅದರ ರಾಜಧಾನಿ ಯೆರೂಸಲೇಮ್. ಪ್ರವಾದಿಗಳ ಇತಿಹಾಸವೆಲ್ಲ ಈ ಎರಡು ಪುಟ್ಟ ರಾಜ್ಯಗಳ ಇತಿಹಾಸ.

ದಾವೀದನಿಂದಲೇ ಆರಂಭಿಸೋಣ. ಅವನು ತನ್ನ ಸೈನ್ಯದ ಊರೀಯನೆಂಬ ಯೋಧನ ಹೆಂಡತಿಯನ್ನು ಬಯಸಿದನು. ಊರೀಯನನ್ನು ಯುದ್ಧದ ಮುಂಚೂಣಿಯಲ್ಲಿ ನಿಲ್ಲಿಸಿ ಸಾಯುವಂತೆ ಮಾಡಿದನು. ಅರಸನನ್ನು ಕೇಳುವವರು ಯಾರು? ನಾತಾನನೆಂಬ ಪ್ರವಾದಿ ಬಂದು ಒಂದು ಕಥೆ ಹೇಳಿದನು. ಒಬ್ಬ ಬಡವನಿಗೆ ಇದ್ದುದು ಒಂದೇ ಹೆಣ್ಣು ಕುರಿಮರಿ; ಮಗಳಂತೆ ಸಾಕಿಕೊಂಡಿದ್ದ. ಪಕ್ಕದ ಸಾಹುಕಾರನಿಗೆ ಹಿಂಡು ಹಿಂಡು ಕುರಿ. ಮನೆಗೆ ನೆಂಟ ಬಂದಾಗ ತನ್ನ ಹಿಂಡನ್ನು ಬಿಟ್ಟು ಆ ಬಡವನ ಮರಿಯನ್ನೇ ಹಿಡಿದು ಕೊಯ್ದು ಅಡುಗೆ ಮಾಡಿಸಿದ. ದಾವೀದನು ಕೆರಳಿ, ಅಂಥವನು ಸಾವಿಗೆ ಯೋಗ್ಯನೆಂದನು. ಆ ಮನುಷ್ಯ ನೀನೇ ಎಂದನು ನಾತಾನ. ಅರಸನು ತಲೆ ತಗ್ಗಿಸಿ ತಪ್ಪೊಪ್ಪಿಕೊಂಡನು. ಇಲ್ಲಿ ಭವಿಷ್ಯ ಮುಖ್ಯವಲ್ಲ, ನ್ಯಾಯ ಮುಖ್ಯ. ಅರಸನೂ ಧರ್ಮಕ್ಕೆ ಒಳಪಟ್ಟವನು ಎಂಬ ಮಾತು ಅರಸನ ಎದುರಿಗೇ ಹೊರಟಿತು.

ಎಲ್ಲ ಅರಸರೂ ದಾವೀದನಂತೆ ತಲೆ ತಗ್ಗಿಸಲಿಲ್ಲ. ಉತ್ತರದಲ್ಲಿ ಕ್ರಿ.ಪೂ. 9ನೆಯ ಶತಮಾನದಲ್ಲಿ ಅಹಾಬನೆಂಬ ಅರಸ. ಅವನ ಹೆಸರು ಬೈಬಲ್ಲಿನಲ್ಲಿ ಮಾತ್ರವಲ್ಲ, ಕ್ರಿ.ಪೂ. 853ರ ಕರ್ಕರ್ ಯುದ್ಧವನ್ನು ವರ್ಣಿಸುವ ಅಸ್ಸೀರಿಯದ ಶಿಲಾಶಾಸನದಲ್ಲಿಯೂ ಇದೆ. ಅವನ ಅರಮನೆಯ ಮಗ್ಗುಲಲ್ಲಿ ನಾಬೋತನೆಂಬವನ ದ್ರಾಕ್ಷಿತೋಟವಿತ್ತು. ತರಕಾರಿ ತೋಟಕ್ಕೆ ಬೇಕೆಂದು ಅರಸ ಕೇಳಿದ. ಬೇರೆ ತೋಟ ಕೊಡುತ್ತೇನೆ, ಇಲ್ಲವೆ ಹಣ ಕೊಡುತ್ತೇನೆ ಎಂದ. ಪಿತ್ರಾರ್ಜಿತ ಭೂಮಿ, ಕೊಡಲಾರೆ ಎಂದ ನಾಬೋತ. ರಾಣಿ ಈಜೆಬೆಲ್ ಅರಸನ ಮುದ್ರೆಯೊತ್ತಿ ಪತ್ರ ಬರೆಸಿ, ಇಬ್ಬರು ಸುಳ್ಳುಸಾಕ್ಷಿಗಳನ್ನು ಹೂಡಿ, ದೇವದ್ರೋಹ ರಾಜದ್ರೋಹಗಳ ಆರೋಪ ಹೊರಿಸಿ ನಾಬೋತನನ್ನು ಕಲ್ಲೆಸೆದು ಕೊಲ್ಲಿಸಿದಳು. ವಿಚಾರಣೆಯ ಶಾಸ್ತ್ರವೆಲ್ಲ ಸರಿಯಾಗಿಯೇ ನಡೆಯಿತು. ನ್ಯಾಯ ಮಾತ್ರ ಸತ್ತಿತು. ತೋಟ ನೋಡಲು ಹೊರಟ ಅರಸನನ್ನು ಆ ತೋಟದಲ್ಲಿಯೇ ಎಲೀಯನೆಂಬ ಪ್ರವಾದಿ ಅಡ್ಡಗಟ್ಟಿ, ಕೊಂದದ್ದೂ ಆಯಿತು ದೋಚಿದ್ದೂ ಆಯಿತೇ ಎಂದು ಕೇಳಿದನು. ಒಬ್ಬ ಸಾಮಾನ್ಯ ರೈತನ ಹೊಲಕ್ಕಾಗಿ ದೇವರು ಅರಸನ ಮೇಲೆ ದಾವೆ ಹೂಡುತ್ತಾನೆ ಎಂಬುದು ಈ ಕಥೆಯ ತಿರುಳು.

ಅದೇ ಅಹಾಬನ ಆಸ್ಥಾನದಲ್ಲಿ ಸುಮಾರು ನಾನೂರು ಮಂದಿ ಪ್ರವಾದಿಗಳಿದ್ದರಂತೆ. ರಾಮೋತ್ ಗಿಲ್ಯಾದಿನ ಮೇಲೆ ದಂಡೆತ್ತಿ ಹೋಗಲೇ ಎಂದು ಅರಸ ಕೇಳಿದಾಗ ನಾನೂರೂ ಕಂಠಗಳು ಒಂದಾಗಿ ಹೋಗು, ಗೆಲ್ಲುತ್ತೀ ಎಂದವು. ಒಬ್ಬನಂತೂ ಕಬ್ಬಿಣದ ಕೊಂಬು ಮಾಡಿಕೊಂಡು ಬಂದು, ಶತ್ರುಗಳನ್ನು ಹೀಗೆ ತಿವಿಯುತ್ತೀ ಎಂದು ತೋರಿಸಿದನು. ಜೊತೆಗಿದ್ದ ಯೆಹೂದದ ಅರಸನಿಗೆ ಏಕೋ ಸಂಶಯ. ಬೇರೆ ಯಾರೂ ಇಲ್ಲವೇ ಎಂದ. ಇದ್ದಾನೆ ಒಬ್ಬ ಮೀಕಾಯೆಹು, ಆದರೆ ಅವನು ಎಂದೂ ನನಗೆ ಒಳ್ಳೆಯದನ್ನು ಹೇಳಿದವನಲ್ಲ ಎಂದ ಅಹಾಬ. ಕರೆಯಲು ಹೋದ ದೂತನು, ಎಲ್ಲರೂ ಹೇಳಿದಂತೆ ನೀನೂ ಹೇಳಿಬಿಡಪ್ಪಾ ಎಂದು ದಾರಿಯಲ್ಲಿ ಬುದ್ಧಿವಾದ ಹೇಳಿದನಂತೆ. ಮೀಕಾಯೆಹು ಸೋಲನ್ನೇ ನುಡಿದನು. ಕೆನ್ನೆಗೆ ಏಟು ತಿಂದು ಸೆರೆಮನೆಗೆ ಹೋದನು. ಅಹಾಬ ಆ ಯುದ್ಧದಿಂದ ಜೀವಂತ ಮರಳಲಿಲ್ಲ. ಬಂಧುಗಳೇ, ಆ ನಾನೂರು ಜನರೂ ಬೇರೆ ದೇವರ ಹೆಸರಿನಲ್ಲಿ ನುಡಿಯಲಿಲ್ಲ, ಅದೇ ದೇವರ ಹೆಸರಿನಲ್ಲಿ ನುಡಿದರು. ಅಪಾಯವಿದ್ದದ್ದು ಇಲ್ಲಿ. ಅವರು ಉಂಡದ್ದು ಅರಸನ ಅನ್ನ. ಆಡಿದ್ದು ಅರಸನ ಮಾತು.

ಇದಾಗಿ ಸುಮಾರು ನೂರು ವರ್ಷಗಳ ಮೇಲೆ ಆಮೋಸ ಬಂದನು. ಯಾರ ನುಡಿಗಳು ಅವನ ಹೆಸರಿನಲ್ಲಿಯೇ ಒಂದು ಗ್ರಂಥವಾಗಿ ಉಳಿದಿವೆಯೋ ಅಂಥವರಲ್ಲಿ ಇವನು ಅತ್ಯಂತ ಹಳಬರಲ್ಲಿ ಒಬ್ಬ. ಯೆರೂಸಲೇಮಿನ ದಕ್ಷಿಣಕ್ಕಿರುವ ತೆಕೋವ ಎಂಬ ಹಳ್ಳಿಯವನು. ಕುರಿ ಸಾಕುವವನು, ಅತ್ತಿಯ ಜಾತಿಯ ಒಂದು ಮರದ ಕಾಯಿಗಳನ್ನು ನೋಡಿಕೊಳ್ಳುವವನು. ಆ ಕಾಯಿ ಬೇಗ ಹಣ್ಣಾಗಬೇಕಾದರೆ ಒಂದೊಂದನ್ನೂ ಚೂರಿಯಿಂದ ಗೀರಬೇಕು ಎಂದು ತಿಳಿದವರು ಹೇಳುತ್ತಾರೆ. ಗೀರದಿದ್ದರೆ ಹಣ್ಣಿಲ್ಲ. ಆಮೋಸನ ಮಾತೂ ಅಂಥದೇ.

ಅವನು ದಕ್ಷಿಣದವನಾದರೂ ಉತ್ತರದ ರಾಜ್ಯಕ್ಕೆ ಹೋಗಿ ನುಡಿದನು. ಆಗ ಅಲ್ಲಿ ಎರಡನೆಯ ಯಾರೊಬ್ಬಾಮ ಆಳುತ್ತಿದ್ದ ಕಾಲ, ಕ್ರಿ.ಪೂ. 8ನೆಯ ಶತಮಾನದ ಮೊದಲ ಅರ್ಧ. ಗಡಿಗಳು ಬೆಳೆದಿದ್ದವು, ವ್ಯಾಪಾರ ಏರಿತ್ತು, ದೇವಸ್ಥಾನಗಳಲ್ಲಿ ಬಲಿ, ಉತ್ಸವ, ಸಂಗೀತಗಳಿಗೆ ಕೊರತೆಯಿರಲಿಲ್ಲ. ಆಮೋಸನ ಕಣ್ಣಿಗೆ ಕಂಡದ್ದು ಬೇರೆ. ಒಂದು ಜೊತೆ ಜೋಡಿನ ಬೆಲೆಗೆ ಬಡವನನ್ನು ಮಾರುವ ಸಾಲಗಾರರು, ಅಳತೆಯ ಕೊಳಗ ಕಿರಿದು ಮಾಡಿ ತಕ್ಕಡಿಯಲ್ಲಿ ಮೋಸ ಮಾಡುವ ವರ್ತಕರು, ಹಬ್ಬ ಯಾವಾಗ ಮುಗಿದು ಅಂಗಡಿ ತೆರೆದೇವೋ ಎಂದು ಕಾಯುವ ಭಕ್ತರು, ದಂತದ ಮಂಚದ ಮೇಲೆ ಒರಗಿ ಕುಡಿಯುವ ಶ್ರೀಮಂತರು. ಇದು ಕವಿಯ ಉತ್ಪ್ರೇಕ್ಷೆ ಎಂದು ಯಾರಾದರೂ ಅನ್ನಬಹುದು. ಆದರೆ ಸಮಾರ್ಯದ ಅರಮನೆಯ ಅವಶೇಷಗಳನ್ನು 20ನೆಯ ಶತಮಾನದಲ್ಲಿ ಅಗೆದಾಗ, ಪೀಠೋಪಕರಣಗಳಿಗೆ ಕೂರಿಸುತ್ತಿದ್ದ ನೂರಾರು ದಂತದ ಕೆತ್ತನೆಯ ಚೂರುಗಳು ಸಿಕ್ಕವು. 1910ರಲ್ಲಿ ಅಲ್ಲಿಯೇ ಸಿಕ್ಕ ಮಡಕೆಯ ಚೂರುಗಳ ಮೇಲೆ ಹಳ್ಳಿಗಳಿಂದ ಬಂದ ಹಳೆಯ ದ್ರಾಕ್ಷಾರಸದ, ಎಣ್ಣೆಯ ಲೆಕ್ಕವಿದೆ. ದಂತ ಎಲ್ಲಿತ್ತು, ಎಣ್ಣೆ ಎಲ್ಲಿಂದ ಎಲ್ಲಿಗೆ ಹೋಗುತ್ತಿತ್ತು ಎಂಬುದಕ್ಕೆ ಮಣ್ಣೇ ಸಾಕ್ಷಿ ಕೊಟ್ಟಿದೆ.

ನಿಮ್ಮ ಉತ್ಸವಗಳು ದೇವರಿಗೆ ಬೇಡ, ನಿಮ್ಮ ಹಾಡು ಅವನಿಗೆ ಗದ್ದಲ, ಅವನಿಗೆ ಬೇಕಾದದ್ದು ಹೊಳೆಯಂತೆ ಹರಿಯುವ ನ್ಯಾಯ ಎಂಬುದು ಆಮೋಸನ ವಾಣಿಯ ಸಾರ. ಇದನ್ನು ಅವನು ಸಂತೆಯಲ್ಲಿ ನಿಂತು ಹೇಳಿದ್ದರೆ ಹೇಗೋ ಏನೋ. ಬೇತೇಲಿನ ಮಹಾಕ್ಷೇತ್ರಕ್ಕೇ ಹೋಗಿ ಹೇಳಿದನು. ಅಲ್ಲಿಯ ಅರ್ಚಕ ಅಮಚ್ಯನು ಅರಸನಿಗೆ ದೂರು ಕಳಿಸಿ, ಆಮೋಸನನ್ನು ಕರೆದು ಹೇಳಿದ್ದರ ತಾತ್ಪರ್ಯ ಇಷ್ಟು: ನಿನ್ನ ನಾಡಿಗೆ ಓಡಿಹೋಗು, ಅಲ್ಲಿ ಪ್ರವಾದನೆ ಮಾಡಿ ಹೊಟ್ಟೆ ಹೊರೆದುಕೋ; ಇದು ಅರಸನ ದೇವಸ್ಥಾನ. ಆಮೋಸ ಕೊಟ್ಟ ಉತ್ತರ, ತಾನು ಪ್ರವಾದಿಯ ವೃತ್ತಿಯವನಲ್ಲ, ಪ್ರವಾದಿಗಳ ಬಳಗದವನೂ ಅಲ್ಲ, ಕುರಿಯ ಹಿಂದೆ ಹೋಗುತ್ತಿದ್ದವನನ್ನು ದೇವರು ಹಿಡಿದು ಕಳಿಸಿದನು ಎಂಬುದು.

ಈ ಪ್ರಸಂಗವನ್ನು ಓದುವಾಗ ನಮಗೆ ಆಮೋಸನಿಗಿಂತ ಅಮಚ್ಯನೇ ಹೆಚ್ಚು ಕಾಡುತ್ತಾನೆ. ಅಮಚ್ಯ ದುಷ್ಟನೆಂದು ಗ್ರಂಥ ಹೇಳುವುದಿಲ್ಲ. ಪೂಜೆ ಕ್ರಮವಾಗಿ ನಡೆಸುತ್ತಿದ್ದಿರಬೇಕು. ಕ್ಷೇತ್ರ ಚೆನ್ನಾಗಿ ನಡೆಯಬೇಕು, ಅರಮನೆಯ ಕೃಪೆ ತಪ್ಪಬಾರದು, ಉಂಡ ಮನೆಗೆ ಎರಡು ಬಗೆಯಬಾರದು ಎಂಬುದು ಅವನ ಚಿಂತೆ. ಮಠ ಪೀಠಗಳ ಹೊಣೆ ಹೊತ್ತ ನಮ್ಮಂಥವರಿಗೆ ಈ ಚಿಂತೆ ಅಪರಿಚಿತವೇ? ದಾಸೋಹ ನಡೆಯಬೇಕು, ಮಕ್ಕಳ ಶಾಲೆ ನಡೆಯಬೇಕು, ಅದಕ್ಕೆ ದೊಡ್ಡವರ ನೆರವು ಬೇಕು. ನೆರವು ಕೊಟ್ಟವರು ಎದುರಿಗೆ ಕುಳಿತಾಗ ಅವರ ತಕ್ಕಡಿಯ ಮೋಸವನ್ನು ಹೇಳಲು ನಾಲಿಗೆ ಏಳುತ್ತದೆಯೇ? ಒಮ್ಮೊಮ್ಮೆ ನಮ್ಮ ನಾಲಿಗೆ ಎದ್ದಿಲ್ಲ ಎಂಬುದನ್ನು ಈ ಸಭೆಯಲ್ಲಿ ಒಪ್ಪಿಕೊಳ್ಳಲು ನಾವು ನಾಚುವುದಿಲ್ಲ. ಒಪ್ಪಿಕೊಳ್ಳದೆ ಆಮೋಸನ ಕಥೆ ಹೇಳಲು ನಮಗೆ ಅಧಿಕಾರವಿಲ್ಲ.

ಅದಿರಲಿ. ಆಮೋಸನು ನುಡಿದು ಕೆಲವು ದಶಕಗಳಲ್ಲಿಯೇ, ಕ್ರಿ.ಪೂ. 722ರ ಸುಮಾರಿಗೆ, ಸಮಾರ್ಯವು ಅಸ್ಸೀರಿಯದ ಕೈಗೆ ಬಿದ್ದಿತು. ಉತ್ತರದ ರಾಜ್ಯ ಮತ್ತೆ ಏಳಲಿಲ್ಲ.

ದಕ್ಷಿಣದ ಯೆಹೂದ ಇನ್ನೂ ಸುಮಾರು ನೂರ ಮೂವತ್ತೈದು ವರ್ಷ ಉಳಿಯಿತು. ಅಲ್ಲಿ ಯೆಶಾಯ, ಮೀಕ ಮೊದಲಾದವರು ನುಡಿದರು. ಹುಲ್ದ ಎಂಬ ಪ್ರವಾದಿನಿಯೂ ಇದ್ದಳು. ದೇವಾಲಯದ ದುರಸ್ತಿಯ ಕಾಲದಲ್ಲಿ ಒಂದು ಧರ್ಮಗ್ರಂಥ ಸಿಕ್ಕಾಗ ಅರಸ ಯೋಷೀಯನು ತನ್ನ ಮಂತ್ರಿಗಳನ್ನೂ ಮಹಾಯಾಜಕನನ್ನೂ ಕಳಿಸಿದ್ದು ಆ ತಾಯಿಯ ಮನೆಗೆ. ದೇವವಾಣಿಗೆ ಗಂಡು ಹೆಣ್ಣೆಂಬ ಭೇದವಿಲ್ಲ ಎಂಬುದಕ್ಕೆ ಈ ಒಂದು ದೃಷ್ಟಾಂತ ಸಾಕು.

ಮೀಕನ ವಿಷಯದಲ್ಲಿ ಒಂದು ಸೂಕ್ಷ್ಮವಿದೆ. ಯೆರೂಸಲೇಮ್ ಹಾಳಾಗಿ ಉತ್ತ ಹೊಲವಾಗುತ್ತದೆ ಎಂದು ಅವನು ನುಡಿದನು. ಆ ಕಾಲದಲ್ಲಿ ಹಾಗೆ ಆಗಲಿಲ್ಲ. ಹಾಗಾದರೆ ಅವನ ಮಾತು ಸುಳ್ಳಾಯಿತೇ? ಸುಮಾರು ನೂರು ವರ್ಷದ ಮೇಲೆ ಊರಿನ ಹಿರಿಯರು ಆ ಸಂಗತಿಯನ್ನು ನೆನೆದು ಹೇಳಿದ್ದೇನೆಂದರೆ, ಅರಸ ಹಿಜ್ಕೀಯನು ಆ ಮಾತಿಗೆ ಹೆದರಿ ದೇವರಿಗೆ ಮೊರೆಯಿಟ್ಟದ್ದರಿಂದ ಕೇಡು ತಪ್ಪಿತು. ಕಣಿ ಹೇಳುವವನ ಮಾತು ನಿಜವಾದರೆ ಅವನಿಗೆ ಕೀರ್ತಿ. ಪ್ರವಾದಿಯ ಮಾತು ಸುಳ್ಳಾದರೆ ಅವನಿಗೆ ಸಾರ್ಥಕ್ಯ. ಬೆಂಕಿ ಬಿದ್ದೀತು ಎಂದು ಕೂಗುವವನ ಆಸೆ ಬೆಂಕಿ ಬೀಳದಿರಲಿ ಎಂಬುದೇ ಅಲ್ಲವೇ?

ಕೊನೆಯದಾಗಿ ಯೆರೆಮೀಯ. ಕ್ರಿ.ಪೂ. 627ರ ಸುಮಾರಿಗೆ, ಇನ್ನೂ ಹುಡುಗನಾಗಿದ್ದಾಗ ಕರೆ ಬಂದಿತು. ತನಗೆ ಮಾತನಾಡಲು ಬಾರದು ಎಂದು ಹಿಂಜರಿದನು. ಯೆರೂಸಲೇಮಿನ ದೇವಾಲಯದ ಅಂಗಳದಲ್ಲಿ ನಿಂತು, ದೇವಾಲಯವಿದೆ ಎಂಬ ಧೈರ್ಯದಿಂದ ಕಳ್ಳತನ, ಕೊಲೆ, ದುರ್ಬಲರ ಶೋಷಣೆ ನಡೆಸಿದರೆ ಈ ಆಲಯವೂ ಉಳಿಯದು ಎಂದು ನುಡಿದನು. ಯಾಜಕರೂ ಇತರ ಪ್ರವಾದಿಗಳೂ ಅವನಿಗೆ ಮರಣದಂಡನೆ ಬೇಕೆಂದರು. ಆಗ ಹಿರಿಯರು ಮೀಕನ ಉದಾಹರಣೆ ಕೊಟ್ಟರು. ಪ್ರಮುಖನೊಬ್ಬನ ರಕ್ಷಣೆಯೂ ದೊರೆತು ಅವನು ಉಳಿದನು. ಅದೇ ಮಾತನಾಡಿದ ಇನ್ನೊಬ್ಬ ಪ್ರವಾದಿಯನ್ನು ಈಜಿಪ್ಟಿನಿಂದ ಹಿಡಿದು ತರಿಸಿ ಕತ್ತಿಗೆ ಆಹುತಿ ಕೊಟ್ಟರು.

ಅರಸ ಯೆಹೋಯಾಕೀಮನ ಕಾಲದಲ್ಲಿ ಯೆರೆಮೀಯ ತನ್ನ ನುಡಿಗಳನ್ನು ಬಾರೂಕನೆಂಬ ಲೇಖಕನಿಂದ ಸುರುಳಿಯಲ್ಲಿ ಬರೆಸಿದನು. ಅದು ಅರಸನ ಮುಂದೆ ಬಂದಿತು. ಚಳಿಗಾಲ, ಅಗ್ಗಿಷ್ಟಿಕೆ ಉರಿಯುತ್ತಿತ್ತು. ಮೂರು ನಾಲ್ಕು ಅಂಕಣ ಓದಿದ ಕೂಡಲೇ ಅರಸನು ಅಷ್ಟನ್ನು ಚೂರಿಯಿಂದ ಕೊಯ್ದು ಬೆಂಕಿಗೆ ಹಾಕುತ್ತ, ಸುರುಳಿಯನ್ನೆಲ್ಲ ಸುಟ್ಟನು. ಯೆರೆಮೀಯ ಮತ್ತೊಂದು ಸುರುಳಿ ತೆಗೆದುಕೊಂಡು ಅದೆಲ್ಲವನ್ನೂ ಮತ್ತೆ ಬರೆಸಿದನು. ಇನ್ನಷ್ಟನ್ನು ಸೇರಿಸಿ ಬರೆಸಿದನು.

ಕ್ರಿ.ಪೂ. 597ರಲ್ಲಿ ಬಾಬಿಲೋನಿನ ಅರಸ ನೆಬೂಕದ್ನೆಚ್ಚರನು ಯೆರೂಸಲೇಮನ್ನು ಹಿಡಿದು, ಅರಸನನ್ನೂ ಪ್ರಮುಖರನ್ನೂ ಸೆರೆ ಒಯ್ದು, ಚಿದ್ಕೀಯನನ್ನು ಪಟ್ಟಕ್ಕೆ ಕೂರಿಸಿದನು. ಮತ್ತೆ ದಂಗೆಯೇಳಬೇಕೆಂಬ ಮಾತು ಊರಲ್ಲಿ ಹಬ್ಬಿತು. ಯೆರೆಮೀಯ ಹೆಗಲ ಮೇಲೆ ಮರದ ನೊಗ ಹೊತ್ತು ಬೀದಿಯಲ್ಲಿ ನಡೆದನು. ಈಗ ಬಗ್ಗಿದರೆ ಜನ ಬದುಕುತ್ತಾರೆ ಎಂಬುದು ಅದರ ಅರ್ಥ. ಹನನ್ಯನೆಂಬ ಇನ್ನೊಬ್ಬ ಪ್ರವಾದಿ ಎಲ್ಲರ ಎದುರಿಗೆ ಆ ನೊಗವನ್ನು ಕಿತ್ತು ಮುರಿದು, ಎರಡೇ ವರ್ಷಗಳಲ್ಲಿ ಸೆರೆ ಹೋದವರೆಲ್ಲ ಮರಳುತ್ತಾರೆಂದು ದೇವರು ನುಡಿದಿದ್ದಾನೆ ಎಂದನು. ಜನಕ್ಕೆ ಎಷ್ಟು ಹಿತವಾಗಿದ್ದಿರಬೇಕು! ಯೆರೆಮೀಯ ಸಿಟ್ಟಾಗಲಿಲ್ಲ. ಹಾಗೆಯೇ ಆಗಲಿ ಎಂದನು. ತನ್ನ ಜನರ ಕೇಡು ಅವನಿಗೂ ಬೇಡವಾಗಿತ್ತು. ಆದರೆ ಶಾಂತಿಯನ್ನು ನುಡಿಯುವವನ ಮಾತು ನಿಜವೆಂದು ತಿಳಿಯುವುದು ಶಾಂತಿ ಬಂದಾಗ ಮಾತ್ರ ಎಂದು ಹೇಳಿ, ಸುಮ್ಮನೆ ಅಲ್ಲಿಂದ ನಡೆದುಬಿಟ್ಟನು. ಆಮೇಲೆ ಮರಳಿ ಬಂದು, ಮರದ ನೊಗ ಮುರಿದವರ ಕೊರಳಿಗೆ ಕಬ್ಬಿಣದ ನೊಗ ಬೀಳುತ್ತದೆ ಎಂದನು.

ಅಂದು ಆ ಗುಂಪಿನಲ್ಲಿ ನಿಂತಿದ್ದರೆ ನಾವು ಯಾರನ್ನು ನಂಬುತ್ತಿದ್ದೆವು? ಇಬ್ಬರ ಬಾಯಲ್ಲಿಯೂ ಒಂದೇ ದೇವರ ಹೆಸರು. ಇಬ್ಬರ ವೇಷವೂ ಒಂದೇ. ಹೇಳಿದ್ದು ನಡೆಯದಿದ್ದರೆ ಅವನು ಸುಳ್ಳು ಪ್ರವಾದಿ ಎಂದು ಅವರ ಧರ್ಮಶಾಸ್ತ್ರ ಒಂದು ಒರೆಗಲ್ಲು ಕೊಟ್ಟಿತ್ತು. ಆದರೆ ನಡೆಯುವವರೆಗೆ ಕಾಯುವಷ್ಟರಲ್ಲಿ ಊರು ಸುಟ್ಟಿರುತ್ತದೆ. ಯೆರೆಮೀಯ ಬೇರೆ ಕಡೆ ಇನ್ನೊಂದು ಒರೆಗಲ್ಲನ್ನು ಕೊಟ್ಟಿದ್ದಾನೆ. ನಿಜವಾದ ಪ್ರವಾದಿಯ ಮಾತು ಕೇಳಿದವರನ್ನು ಕೆಟ್ಟ ದಾರಿಯಿಂದ ತಿರುಗಿಸುತ್ತದೆ. ಸುಳ್ಳು ಪ್ರವಾದಿ ಕೆಟ್ಟವರ ಕೈಯನ್ನೇ ಬಲಪಡಿಸಿ ಕ್ಷೇಮ ಕ್ಷೇಮ ಎನ್ನುತ್ತಾನೆ. ಈ ಒರೆಗಲ್ಲನ್ನು ಹಚ್ಚಲು ಭವಿಷ್ಯ ಕಾಯಬೇಕಾಗಿಲ್ಲ. ಇಂದೇ ಹಚ್ಚಬಹುದು.

ದಂಗೆಯಾಯಿತು, ಮುತ್ತಿಗೆ ಬಂದಿತು. ಸೈನಿಕರ ಧೈರ್ಯ ಕೆಡಿಸುತ್ತಾನೆಂದು ಯೆರೆಮೀಯನನ್ನು ನೀರಿಲ್ಲದ ಹಾಳು ಬಾವಿಗೆ ಇಳಿಸಿದರು, ಕೆಸರಿನಲ್ಲಿ ಹೂತುಕೊಂಡನು. ಸ್ವಜನರು ಯಾರೂ ಬರಲಿಲ್ಲ. ಅರಮನೆಯ ಸೇವಕನಾಗಿದ್ದ ಎಬೆದ್ಮೆಲೆಕನೆಂಬ ಆಫ್ರಿಕಾದ ಕೂಷ್ ದೇಶದವನು ಅರಸನ ಅಪ್ಪಣೆ ಪಡೆದು ಬಂದನು. ಹಗ್ಗ ಕಂಕುಳನ್ನು ಕೊರೆದೀತೆಂದು ಹಳೆಯ ಬಟ್ಟೆಯ ಚಿಂದಿಗಳನ್ನು ಮೊದಲು ಇಳಿಬಿಟ್ಟು, ಅವನ್ನು ಕಂಕುಳಲ್ಲಿ ಇಟ್ಟುಕೊಳ್ಳೆಂದು ಹೇಳಿ ಮೇಲೆತ್ತಿದನು. ಪ್ರವಾದಿಯನ್ನು ಉಳಿಸಿದವನು ಪರದೇಶಿ. ದಯೆಯೆಂದರೆ ಏನೆಂಬುದನ್ನು ಆ ಹಳೆಯ ಚಿಂದಿಗಳೇ ಹೇಳುತ್ತವೆ.

ಆ ದಿನಗಳ ಒಂದು ಕುರುಹೂ ಮಣ್ಣಿನಲ್ಲಿ ಸಿಕ್ಕಿದೆ. ಲಾಕೀಷ್ ಕೋಟೆಯ ಬಾಗಿಲ ಕೋಣೆಯಲ್ಲಿ 1935ರಲ್ಲಿ ಮಡಕೆಯ ಚೂರುಗಳ ಮೇಲೆ ಶಾಯಿಯಲ್ಲಿ ಬರೆದ ಸೈನ್ಯದ ಪತ್ರಗಳು ದೊರೆತವು. ಅವುಗಳಲ್ಲೊಂದು, ಒಬ್ಬ ಪ್ರವಾದಿಯ ಮೂಲಕ ಬಂದ ಎಚ್ಚರಿಕೆಯ ಓಲೆಯನ್ನು ಪ್ರಸ್ತಾಪಿಸುತ್ತದೆ. ಆತ ಯಾರೆಂದು ಅದರಲ್ಲಿಲ್ಲ. ಕೇಡು ಬಾಗಿಲಿಗೆ ಬಂದಾಗ ಸೈನಿಕರ ನಡುವೆಯೂ ಪ್ರವಾದಿಯ ಮಾತು ಓಡಾಡುತ್ತಿತ್ತು ಎಂಬುದಷ್ಟು ನಿಶ್ಚಯ. ಕ್ರಿ.ಪೂ. 586ರ ಸುಮಾರಿಗೆ ಯೆರೂಸಲೇಮ್ ಬಿದ್ದಿತು. ದೇವಾಲಯ ಸುಟ್ಟುಹೋಯಿತು. ಯೆರೆಮೀಯನನ್ನು, ಅವನಿಗೆ ಇಷ್ಟವಿಲ್ಲದಿದ್ದರೂ, ಉಳಿದ ಜನ ಈಜಿಪ್ಟಿಗೆ ಕರೆದೊಯ್ದರು.

ಈಗ ಒಂದು ವಿಚಿತ್ರವನ್ನು ನೋಡಿ. ಅಹಾಬನ ನಾನೂರು ಪ್ರವಾದಿಗಳ ಗ್ರಂಥ ಒಂದೂ ಉಳಿದಿಲ್ಲ. ಜನ ಮೆಚ್ಚಿದ ಹನನ್ಯನ ಗ್ರಂಥವಿಲ್ಲ. ಉಳಿದದ್ದು ಓಡಿಸಿದ ಆಮೋಸನದು, ಸುಟ್ಟ ಯೆರೆಮೀಯನದು. ಅವನ್ನು ಉಳಿಸಿದವರು ಯಾರು? ಬೈಸಿಕೊಂಡ ಅದೇ ಜನ. ಎಲ್ಲವನ್ನೂ ಕಳೆದುಕೊಂಡು ಬಾಬಿಲೋನಿನ ಕಾಲುವೆಗಳ ದಂಡೆಯಲ್ಲಿ ಕುಳಿತಾಗ, ತಮಗೆ ಹಿತ ನುಡಿದವರು ತಮ್ಮನ್ನು ಕೆಡಿಸಿದರು, ಕಟು ನುಡಿದವರೇ ತಮ್ಮವರಾಗಿದ್ದರು ಎಂದು ಅವರಿಗೆ ಹೊಳೆಯಿತು. ಆ ನುಡಿಗಳನ್ನು ಬರೆದು, ನಕಲಿಸಿ, ತಲೆಮಾರಿನಿಂದ ತಲೆಮಾರಿಗೆ ಕಾಪಾಡಿದರು. ಮೃತಸಮುದ್ರದ ಬಳಿಯ ಗುಹೆಗಳಲ್ಲಿ 1947ರಲ್ಲಿ ಸಿಕ್ಕ ಯೆಶಾಯನ ಚರ್ಮದ ಸುರುಳಿ ಏಳು ಮೀಟರಿಗೂ ಉದ್ದವಿದೆ, ಎರಡು ಸಾವಿರ ವರ್ಷಕ್ಕೂ ಹಳೆಯದು. ಬೇರೆ ಅರಸರು ತಮ್ಮ ವಿಜಯವನ್ನು ಕಲ್ಲಿನಲ್ಲಿ ಕೆತ್ತಿಸಿದರು. ಈ ಜನ ತಮ್ಮ ತಪ್ಪುಗಳನ್ನು ಚರ್ಮದ ಮೇಲೆ ಬರೆದು ಪೂಜ್ಯವಾಗಿ ಇಟ್ಟುಕೊಂಡರು. ರಾಜ್ಯವಿಲ್ಲದೆಯೂ ಅವರು ಜನಾಂಗವಾಗಿ ಉಳಿದದ್ದಕ್ಕೆ ಇದೂ ಒಂದು ಕಾರಣವೆಂದು ನಾವು ತಿಳಿಯುತ್ತೇವೆ.

ನಮ್ಮ ಶರಣರೊಡನೆ ಇವರನ್ನು ಹೋಲಿಸಬಹುದೇ ಎಂದು ನೀವು ಕೇಳಬಹುದು. ಭೇದವಿದೆ. ಪ್ರವಾದಿ ದೇವರ ದೂತನಾಗಿ, ದೇವರ ಮಾತೆಂದೇ ನುಡಿಯುತ್ತಾನೆ. ಶರಣರು ತಮ್ಮ ಅನುಭಾವವನ್ನು ತಮ್ಮ ಇಷ್ಟದೈವದ ಅಂಕಿತವಿಟ್ಟು ನುಡಿದರು. ಇಬ್ಬರನ್ನೂ ಒಂದೇ ಎನ್ನುವುದು ಇಬ್ಬರಿಗೂ ಅನ್ಯಾಯ. ಆದರೂ ನಡೆಯಿಲ್ಲದ ಪೂಜೆ ದೇವರಿಗೆ ಮುಟ್ಟದು ಎಂಬಲ್ಲಿ, ಅರಸನ ಮುಂದೆಯೂ ನಾಲಿಗೆ ಬಾಗದು ಎಂಬಲ್ಲಿ ಇಬ್ಬರೂ ಸಮೀಪ ಬರುತ್ತಾರೆ.

ಆದ್ದರಿಂದ ನಾಳೆಯಿಂದ ನಮ್ಮ ಬಳಿ ಬಂದು ಮುಂದೇನಾಗುತ್ತದೆ ಎಂದು ಕೇಳಬೇಡಿ. ನಾವು ಮಾಡುತ್ತಿರುವುದರಲ್ಲಿ ತಪ್ಪೇನಿದೆ ಎಂದು ಕೇಳಿ. ತಿಳಿದಷ್ಟನ್ನು, ಮುಖ ನೋಡದೆ, ಹೇಳುತ್ತೇವೆ. ನಾವು ಹೇಳುವುದು ನಿಮಗೆ ಸದಾ ಹಿತವಾಗಿಯೇ ಇದ್ದರೆ ನಮ್ಮ ಮೇಲೂ ಸಂಶಯಪಡಿ. ಹಾಗೆಯೇ ಈ ಪೀಠದಲ್ಲಿ ಕುಳಿತ ನಮಗೆ ತಪ್ಪು ತೋರಿಸುವ ಕುರಿ ಕಾಯುವವನೊಬ್ಬ ಬಾಗಿಲಿಗೆ ಬಂದರೆ ಅವನನ್ನು ಹೊರಗೆ ನಿಲ್ಲಿಸಬೇಡಿ, ಒಳಗೆ ಕರೆತನ್ನಿ.